ಮೂರು ಹಳಿಯ ರೈಲು

ರೈಲು ಎಂದರೆ ಎರಡು ಹಳಿ. ಮಕ್ಕಳು ಸ್ಲೇಟಿನ ಮೇಲೆ ಬಿಡಿಸುವಾಗಲೂ ಎರಡು ಉದ್ದ ಗೆರೆ ಎಳೆದು ನಡುವೆ ಅಡ್ಡಪಟ್ಟಿ ಹಾಕುತ್ತಾರೆ. ಅಮೆರಿಕದ ಮನೆಗಳಲ್ಲಿ ಕ್ರಿಸ್‌ಮಸ್ ಮರದ ಬುಡದಲ್ಲಿ ತಲೆಮಾರುಗಳ ಕಾಲ ಸುತ್ತಿದ ಲಯನೆಲ್ ಆಟಿಕೆ ರೈಲಿಗೆ ಮಾತ್ರ ಮೂರು ಹಳಿ. ನಿಜವಾದ ರೈಲಿನ ಪಡಿಯಚ್ಚು ಮಾದರಿ ಕಟ್ಟುವವರಿಗೆ ಇದನ್ನು ಕಂಡರೆ ಆಗುವುದಿಲ್ಲ. ನಡುವೆ ಅದೇನು ಇನ್ನೊಂದು ಕಂಬಿ, ತಿರುವು ಅಷ್ಟು ಚಿಕ್ಕದೇಕೆ, ಗಾಲಿಯ ಅಂಚು ಅಷ್ಟು ದಪ್ಪವೇಕೆ, ಬೋಗಿ ಅಷ್ಟು ಗಿಡ್ಡವೇಕೆ ಎಂದು ಕೇಳುತ್ತಾರೆ. ಒಪ್ಪಬೇಕಾದ ಮಾತೇ. ಅಳತೆಗೋಲು ಹಿಡಿದರೆ ಯಾವುದೂ ಸರಿಹೊಂದುವುದಿಲ್ಲ. ಆದರೆ 1950ರ ದಶಕದಲ್ಲಿ ನ್ಯೂಜೆರ್ಸಿಯ ಕಾರ್ಖಾನೆಯಿಂದ ಹೊರಬಿದ್ದ ಎಂಜಿನೊಂದು ಇವತ್ತು ರಾತ್ರಿ ನನ್ನ ಮನೆಯ ನೆಲಮಾಳಿಗೆಯಲ್ಲಿ ಹೊಗೆ ಬಿಟ್ಟು, ಸೀಟಿ ಊದಿ ಓಡುತ್ತದೆ. ಅದು ಇಷ್ಟು ವರ್ಷ ಬದುಕಿರುವುದು ತಜ್ಞರು ಮೂಗು ಮುರಿಯುವ ಇದೇ ಗುಣಗಳಿಂದ ಎಂಬುದು ನನ್ನ ನಂಬಿಕೆ. ಒಳಗೆ ಏನಿದೆ ಎಂದು ನೋಡಿದವರಿಗೆ ಇದು ಬೇಗ ಮನದಟ್ಟಾಗುತ್ತದೆ.

ಮೊದಲು ಆ ನಡುವಿನ ಹಳಿಯ ವಿಚಾರ. ಎರಡು ಹಳಿಯಲ್ಲಿ ಕರೆಂಟು ಹರಿಸಬೇಕೆಂದರೆ ಒಂದರಲ್ಲಿ ಹೋಗಬೇಕು, ಇನ್ನೊಂದರಲ್ಲಿ ವಾಪಸು ಬರಬೇಕು. ಆಗ ಎಡಗಾಲಿ ಬಲಗಾಲಿಗಳ ನಡುವೆ ಕರೆಂಟು ದಾಟದಂತೆ ಪ್ರತಿ ಬೋಗಿಯ ಪ್ರತಿ ಅಚ್ಚಿಗೂ ತಡೆ ಹಾಕಬೇಕು. ಇನ್ನೂ ಒಂದು ತೊಡಕು ಇದೆ. ರೈಲು ಮುಂದೆ ಹೋಗಿ ದುಂಡಗೆ ತಿರುಗಿ ಬಂದ ದಾರಿಗೇ ಮರಳುವಂತೆ ಹಳಿ ಜೋಡಿಸಿದಿರಿ ಎಂದಿಟ್ಟುಕೊಳ್ಳಿ. ಸೇರುವ ಜಾಗದಲ್ಲಿ ಎಡಹಳಿ ಬಲಹಳಿಗೆ ತಾಗಿ ಶಾರ್ಟ್ ಆಗುತ್ತದೆ. ಅದನ್ನು ತಪ್ಪಿಸಲು ಬೇರೆಯೇ ಸ್ವಿಚ್ಚು, ಬೇರೆಯೇ ವೈರಿಂಗ್ ಬೇಕು. ಎಂಟು ವರ್ಷದ ಮಗುವಿಗೆ ಇದೆಲ್ಲ ಹೇಗೆ ಹೇಳುವುದು? ಲಯನೆಲ್ 1906ರಲ್ಲಿ ಮೂರು ಹಳಿ ತಂದು ಈ ತಲೆನೋವನ್ನೇ ಕಳೆಯಿತು. ಕರೆಂಟು ನಡುವಿನ ಹಳಿಯಲ್ಲಿ ಬರುತ್ತದೆ, ಹೊರಗಿನ ಎರಡೂ ಹಳಿಗಳಲ್ಲಿ ಮರಳುತ್ತದೆ. ಎಂಜಿನಿನ ಹೊಟ್ಟೆಯಡಿ ಇರುವ ಪುಟ್ಟ ರೋಲರ್ ನಡುವಿನ ಹಳಿಯನ್ನು ಸವರುತ್ತಾ ಹೋಗುತ್ತದೆ. ಹಳಿಯನ್ನು ಹೇಗೆ ಬೇಕಾದರೂ ತಿರುಗಿಸಿ ಜೋಡಿಸಿ, ನಡು ನಡುವಿಗೇ ಸೇರುತ್ತದೆ, ಹೊರಗು ಹೊರಗಿಗೇ. ತಪ್ಪು ಮಾಡಲು ದಾರಿಯೇ ಇಲ್ಲ.

ಇದರಿಂದ ಸಿಕ್ಕ ಇನ್ನೊಂದು ಲಾಭವಿದೆ. ಗಾಲಿ, ಅಚ್ಚು ಎರಡೂ ಲೋಹವಾದ್ದರಿಂದ ಬೋಗಿ ನಿಂತಲ್ಲೆಲ್ಲ ಹೊರಗಿನ ಎರಡು ಹಳಿಗಳನ್ನು ಜೋಡಿಸುವ ಸೇತುವೆಯಾಗುತ್ತದೆ. ಹೊರಹಳಿಯ ಒಂದು ತುಂಡನ್ನು ಮಾತ್ರ ಉಳಿದ ಸರ್ಕ್ಯೂಟಿನಿಂದ ಬೇರ್ಪಡಿಸಿ, ಅದರಿಂದ ಒಂದು ತಂತಿ ಎಳೆದರೆ ಸಾಕು. ರೈಲು ಆ ತುಂಡಿನ ಮೇಲೆ ಬಂದ ಕೂಡಲೇ ಸ್ವಿಚ್ಚು ಒತ್ತಿದ ಹಾಗೆ. 1935ರಲ್ಲಿ ಬಂದ ಗೇಟ್‌ಮ್ಯಾನ್ ಆಟಿಕೆ ಕೆಲಸ ಮಾಡುವುದು ಹೀಗೆ. ಒಂದು ಪುಟ್ಟ ಗುಡಿಸಲು, ಪಕ್ಕದಲ್ಲಿ ಲೆವೆಲ್ ಕ್ರಾಸಿಂಗಿನ ಫಲಕ. ರೈಲು ಹತ್ತಿರ ಬಂದಾಗ ಗುಡಿಸಲಿನ ಬಾಗಿಲು ಫಟ್ಟನೆ ತೆರೆದು ನೀಲಿ ಅಂಗಿಯವನೊಬ್ಬ ಲಾಟೀನು ಹಿಡಿದು ಹೊರಗೆ ಬರುತ್ತಾನೆ. ಕೊನೆಯ ಬೋಗಿ ದಾಟಿದ ಮೇಲೆ ಒಳಗೆ ಹೋಗುತ್ತಾನೆ. ಒಳಗೆ ಇರುವುದು ಒಂದು ತಂತಿಯ ಸುರುಳಿ, ಅದರಲ್ಲಿ ಜಾರುವ ಕಬ್ಬಿಣದ ತುಂಡು, ಒಂದು ಬಲ್ಬು. ಅಷ್ಟೇ. ಕೆಡಲು ಅದರಲ್ಲಿ ಹೆಚ್ಚೇನೂ ಇಲ್ಲ. ನೋಡಲು ಬಂದ ಮಕ್ಕಳು ಎಂಜಿನನ್ನು ಬಿಟ್ಟು ಇವನ ಮುಂದೆಯೇ ಕೂರುವುದನ್ನು ನಾನು ಮತ್ತೆ ಮತ್ತೆ ಕಂಡಿದ್ದೇನೆ.

ಈ ಕಂಪನಿ ಹುಟ್ಟಿಸಿದವನು ಜೋಶುವಾ ಲಯನೆಲ್ ಕೋವೆನ್. 1877ರಲ್ಲಿ ನ್ಯೂಯಾರ್ಕಿನ ವಲಸಿಗ ಯಹೂದಿ ಕುಟುಂಬದಲ್ಲಿ ಹುಟ್ಟಿದವನು. 1900ರಲ್ಲಿ ಹ್ಯಾರಿ ಗ್ರಾಂಟ್ ಎಂಬ ಪಾಲುದಾರನ ಜೊತೆ ತನ್ನ ನಡುವಿನ ಹೆಸರನ್ನೇ ಇಟ್ಟು ಕಂಪನಿ ತೆರೆದ. ಮೊದಲು ಮಾಡಿದ್ದು ಆಟಿಕೆಯೇ ಅಲ್ಲ. ಅಂಗಡಿಯ ಕಿಟಕಿಯಲ್ಲಿ ಸರಕು ನಿಂತಲ್ಲೇ ನಿಂತಿದ್ದರೆ ಯಾರೂ ನೋಡುವುದಿಲ್ಲ, ಓಡಾಡಿದರೆ ನೋಡುತ್ತಾರೆ ಎಂಬುದು ಅವನ ಲೆಕ್ಕ. ಮರದ ತೆರೆದ ಡಬ್ಬಿಯೊಂದಕ್ಕೆ ಅಡಿಯಲ್ಲಿ ಫ್ಯಾನಿನ ಪುಟ್ಟ ಮೋಟಾರು ಕೂರಿಸಿ, ಬ್ಯಾಟರಿಯಿಂದ ದುಂಡು ಹಳಿಯ ಮೇಲೆ ಓಡಿಸಿದ. ಅದಕ್ಕೆ ‘ಎಲೆಕ್ಟ್ರಿಕ್ ಎಕ್ಸ್‌ಪ್ರೆಸ್’ ಎಂದು ಹೆಸರು. ಕಂಪನಿಯವರು ಹೇಳಿಕೊಂಡು ಬಂದ ಕಥೆಯ ಪ್ರಕಾರ ಮ್ಯಾನ್‌ಹಟನ್ನಿನ ಅಂಗಡಿಕಾರ ರಾಬರ್ಟ್ ಇಂಗರ್ಸಾಲ್ ಅದನ್ನು 4 ಡಾಲರಿಗೆ ಕೊಂಡ. ಗಿರಾಕಿಗಳು ಡಬ್ಬಿಯೊಳಗಿನ ಸಾಮಾನು ಬಿಟ್ಟು ಡಬ್ಬಿಯನ್ನೇ ಕೇಳತೊಡಗಿದರು. ಅವನು ಇನ್ನಷ್ಟು ಬೇಕೆಂದು ಬೇಡಿಕೆ ಕಳಿಸಿದ.

ಆಮೇಲಿನ ಮೂವತ್ತು ವರ್ಷ ಪೈಪೋಟಿಯ ಕಾಲ. ಕನೆಕ್ಟಿಕಟ್ಟಿನ ಐವ್ಸ್ ಹಳೆಯ ಮನೆತನದ ಕಂಪನಿ, ಷಿಕಾಗೋದ ಅಮೆರಿಕನ್ ಫ್ಲಯರ್ ಇನ್ನೊಂದು. ಲಯನೆಲ್ ತನ್ನ 2⅛ ಇಂಚು ಅಗಲದ ಹಳಿಗೆ ‘ಸ್ಟ್ಯಾಂಡರ್ಡ್ ಗೇಜ್’ ಎಂದು ಹೆಸರಿಟ್ಟು, ಬೇರೆಯವರೆಲ್ಲ ಲೆಕ್ಕಕ್ಕಿಲ್ಲ ಎಂಬಂತೆ ಜಾಹೀರಾತು ಹಾಕಿತು. 1915ರಲ್ಲಿ ಮಧ್ಯಮವರ್ಗದ ಮನೆಗೆ ಹೊಂದುವ ಚಿಕ್ಕ ಅಳತೆಯನ್ನು ತಂದಿತು. 32 ಮಿಲಿಮೀಟರ್ ಅಗಲದ ಈ ‘ಓ ಗೇಜ್’ ಇವತ್ತಿಗೂ ಉಳಿದಿದೆ. 1928ರಲ್ಲಿ ಐವ್ಸ್ ದಿವಾಳಿಯಾದಾಗ ಲಯನೆಲ್ ಮತ್ತು ಫ್ಲಯರ್ ಸೇರಿ ಅದನ್ನು ಕೊಂಡವು. ಆ ಖರೀದಿಯಲ್ಲಿ ಲಯನೆಲ್ಲಿಗೆ ದಕ್ಕಿದ ನಿಜವಾದ ಆಸ್ತಿ ಎಂದರೆ ಎಂಜಿನನ್ನು ಹಿಂದೆ ಮುಂದೆ ಓಡಿಸುವ ಒಂದು ಪುಟ್ಟ ಯಂತ್ರ.

ಅದು ಏಕೆ ಬೇಕಾಯಿತು ಎಂದು ಹೇಳಬೇಕು. ಲಯನೆಲ್ ಮೋಟಾರು ಎಸಿ ಕರೆಂಟಿನಲ್ಲಿ ಓಡುತ್ತದೆ. ಗೋಡೆಯ ಕರೆಂಟನ್ನು ಟ್ರಾನ್ಸ್‌ಫಾರ್ಮರ್ ಹದಿನೆಂಟು ವೋಲ್ಟಿನ ಆಸುಪಾಸಿಗೆ ಇಳಿಸಿ ಹಳಿಗೆ ಕೊಡುತ್ತದೆ. ಒಳಗೆ ತಿರುಗುವ ಸುರುಳಿ ಒಂದು, ಸುತ್ತ ನಿಂತ ಸುರುಳಿ ಇನ್ನೊಂದು. ಎರಡಕ್ಕೂ ಒಂದೇ ಕರೆಂಟು ಸಾಲಾಗಿ ಹರಿಯುತ್ತದೆ. ಕರೆಂಟಿನ ದಿಕ್ಕು ಬದಲಾದರೆ ಎರಡರಲ್ಲೂ ಒಟ್ಟಿಗೇ ಬದಲಾಗುವುದರಿಂದ ಮೋಟಾರು ಮಾತ್ರ ಅದೇ ದಿಕ್ಕಿಗೆ ತಿರುಗುತ್ತಿರುತ್ತದೆ. ಹಿಂದಕ್ಕೆ ಹೋಗಬೇಕೆಂದರೆ ಎರಡರಲ್ಲಿ ಒಂದು ಸುರುಳಿಯ ತುದಿಗಳನ್ನು ಮಾತ್ರ ಅದಲುಬದಲು ಮಾಡಬೇಕು. ಆ ಕೆಲಸ ಮಾಡುವುದು ‘ಇ-ಯೂನಿಟ್’. ಹಳಿಯ ಕರೆಂಟು ಒಮ್ಮೆ ತಪ್ಪಿಸಿ ಮತ್ತೆ ಕೊಟ್ಟರೆ ಅದರೊಳಗಿನ ಚಿಕ್ಕ ಉರುಳೆ ಒಂದು ಹಲ್ಲು ತಿರುಗುತ್ತದೆ. ಮುಂದೆ, ನಿಲುಗಡೆ, ಹಿಂದೆ, ಮತ್ತೆ ನಿಲುಗಡೆ. ಉರುಳೆಯನ್ನು ತಿರುಗಿಸುವ ಗೂಟ ಕೆಳಗೆ ಬೀಳುವುದು ಬಹುತೇಕ ಎಂಜಿನುಗಳಲ್ಲಿ ಬರೀ ತನ್ನ ಭಾರದಿಂದ. ಹಾಗಾಗಿ ಎಂಜಿನನ್ನು ಬೋರಲು ಹಾಕಿಕೊಂಡು ಪರೀಕ್ಷಿಸಿದರೆ ಅದು ಕೆಲಸವೇ ಮಾಡುವುದಿಲ್ಲ. ಹೊಸಬರು ಕೆಟ್ಟಿದೆ ಎಂದುಕೊಂಡು ಬಿಚ್ಚತೊಡಗುತ್ತಾರೆ. ನೆಟ್ಟಗೆ ನಿಲ್ಲಿಸಿದರೆ ಸಾಕು, ‘ಜುಂಯ್’ ಎಂದು ಗುಂಯ್‌ಗುಡುತ್ತಾ ಎಚ್ಚೆತ್ತುಕೊಳ್ಳುತ್ತದೆ.

ಆರ್ಥಿಕ ಕುಸಿತ ಲಯನೆಲ್ಲನ್ನೂ ಬಿಡಲಿಲ್ಲ. 1934ರಲ್ಲಿ ಕಂಪನಿ ಸಾಲ ಕೊಟ್ಟವರ ಪರವಾಗಿ ಕೋರ್ಟು ನೇಮಿಸಿದವರ ಉಸ್ತುವಾರಿಗೆ ಹೋಯಿತು. ಆಗ ಬಂದದ್ದು ಮಿಕ್ಕಿ ಮತ್ತು ಮಿನ್ನಿ ಮೌಸ್ ಎದುರುಬದುರು ನಿಂತು ಹಿಡಿಕೆ ಒತ್ತುತ್ತಾ ಸಾಗುವ ಕೈಬಂಡಿ. ಬೆಲೆ 1 ಡಾಲರ್. ಎರಡೂವರೆ ಲಕ್ಷದಷ್ಟು ಮಾರಾಟವಾಯಿತು. ಮಿಕ್ಕಿ ಮೌಸ್ ಕಂಪನಿಯನ್ನು ಉಳಿಸಿದ ಎಂದು ಪತ್ರಿಕೆಗಳು ಬರೆದವು. ಆದರೆ ಡಾಲರಿಗೊಂದು ಮಾರಿದ ಆಟಿಕೆಯ ಲಾಭದಿಂದಲೇ ಅಷ್ಟು ಸಾಲ ತೀರುವುದು ಸಾಧ್ಯವಿರಲಿಲ್ಲ. ಯೂನಿಯನ್ ಪೆಸಿಫಿಕ್ ರೈಲ್ವೆಯ ಹೊಚ್ಚಹೊಸ ನಯಮೈಯ ರೈಲಿನ ಮಾದರಿಯನ್ನೂ ಆ ವರ್ಷ ಜನ ಮುಗಿಬಿದ್ದು ಕೊಂಡಿದ್ದರು. 1935ರ ಜನವರಿಯಲ್ಲಿ ಕಂಪನಿ ಋಣಮುಕ್ತವಾಗಿ ಹೊರಬಂತು.

ಆ ವರ್ಷವೇ ಬಂತು ಸೀಟಿ. ನನ್ನ ಮಟ್ಟಿಗೆ ಲಯನೆಲ್ ಎಂಜಿನಿಯರುಗಳ ಅತ್ಯಂತ ಜಾಣ ಕೆಲಸ ಇದೇ. ರೈಲು ಎಲ್ಲಿದ್ದರೂ, ನಿಂತಿದ್ದರೂ ಓಡುತ್ತಿದ್ದರೂ, ಮಗು ಗುಂಡಿ ಒತ್ತಿದಾಗ ಮಾತ್ರ ಸೀಟಿ ಕೂಗಬೇಕು. ಬೇರೆ ತಂತಿ ಎಳೆಯುವಂತಿಲ್ಲ, ಏಕೆಂದರೆ ರೈಲು ಓಡಾಡುವ ವಸ್ತು. ಅವರು ಕಂಡುಕೊಂಡ ದಾರಿ ಹೀಗಿದೆ. ಹಳಿಯಲ್ಲಿ ಹರಿಯುವುದು ಎಸಿ. ಗುಂಡಿ ಒತ್ತಿದಾಗ ಅದರ ಮೇಲೆ ಸ್ವಲ್ಪವೇ ಡಿಸಿಯನ್ನು ಬೆರೆಸುತ್ತಾರೆ. ಮೋಟಾರಿಗೆ ಎರಡೂ ಒಂದೇ, ಅದು ತನ್ನ ಪಾಡಿಗೆ ತಿರುಗುತ್ತಿರುತ್ತದೆ. ಆದರೆ ಎಂಜಿನಿನ ಹಿಂದೆ ಕಲ್ಲಿದ್ದಲು ಹೊರುವ ಟೆಂಡರಿನೊಳಗೆ ಒಂದು ರಿಲೇ ಕೂತಿದೆ. ಎಸಿಗೆ ಅದು ಜಪ್ಪಯ್ಯ ಎಂದರೂ ಮಿಸುಕುವುದಿಲ್ಲ, ಡಿಸಿ ಬಂದರೆ ಮಾತ್ರ ಅಂಟಿಕೊಳ್ಳುತ್ತದೆ. ಅಂಟಿಕೊಂಡಾಗ ಪುಟ್ಟ ಮೋಟಾರೊಂದು ಬೀಸಣಿಗೆ ತಿರುಗಿಸಿ, ಟೆಂಡರಿನ ಹೊಟ್ಟೆಯಲ್ಲಿರುವ ಕೊಳವೆಗಳಿಗೆ ಗಾಳಿ ಊದುತ್ತದೆ. ಬರುವುದು ಧ್ವನಿಮುದ್ರಣವಲ್ಲ, ನಿಜವಾದ ಗಾಳಿಯ ಕೂಗು. ಹೊರಟು ನಿಲ್ಲುವ ನಡುವೆ ಸ್ವರ ಏರಿ ಇಳಿಯುತ್ತದೆ. ಕರ್ನಾಟಕದಲ್ಲಿ ಉಗಿಬಂಡಿಯ ಕೂಗು ಕೇಳಿ ಬೆಳೆದ ಹಿರಿಯರು ಅದನ್ನು ಕೇಳಿ ತಲೆಯೆತ್ತದೆ ಇರುವುದಿಲ್ಲ.

1937ರಲ್ಲಿ ನ್ಯೂಯಾರ್ಕ್ ಸೆಂಟ್ರಲ್ ರೈಲ್ವೆಯ ಹಡ್ಸನ್ ಎಂಜಿನಿನ ಮಾದರಿ ಬಂತು. ಪಟ್ಟಿಯಲ್ಲಿ ಅದರ ಸಂಖ್ಯೆ 700ಇ, ಬೆಲೆ 75 ಡಾಲರ್. ಕಾರ್ಮಿಕನೊಬ್ಬನ ಹಲವು ವಾರಗಳ ಸಂಬಳ ಅದು. ಆಟಿಕೆಯ ಕಂಪನಿ ಅಳತೆ ತಪ್ಪದ ಮಾದರಿಯನ್ನೂ ಮಾಡಬಲ್ಲದು ಎಂದು ತೋರಿಸಿದ ಎಂಜಿನ್ ಅದು. 1942ರಲ್ಲಿ ಯುದ್ಧದಿಂದ ಲೋಹ ಸಿಗದೆ ಆಟಿಕೆಯ ಕೆಲಸ ನಿಂತಿತು. ಕಾರ್ಖಾನೆ ನೌಕಾಪಡೆಗೆ ದಿಕ್ಸೂಚಿ, ಪಯಣದ ಉಪಕರಣ ಮಾಡಿತು. 1943ರ ಕ್ರಿಸ್‌ಮಸ್ಸಿಗೆ ಮಡಚಿ ಜೋಡಿಸುವ ರಟ್ಟಿನ ರೈಲು ಕೊಟ್ಟಿತು. ಜೋಡಿಸುವುದು ದೊಡ್ಡವರಿಗೂ ಕಷ್ಟವಾಗಿತ್ತಂತೆ.

ಯುದ್ಧದ ನಂತರದ ಹದಿನೈದು ವರ್ಷ ಈ ಆಟಿಕೆಯ ಸುಗ್ಗಿ. ಸೈನಿಕರು ಮನೆಗೆ ಬಂದಿದ್ದರು, ಮನೆ ತುಂಬ ಮಕ್ಕಳು, ಕೈಯಲ್ಲಿ ಕಾಸು. ನಿಜವಾದ ರೈಲಿನಂತೆ ಮುಷ್ಟಿ ಹಿಡಿದು ಸೇರುವ ಕೊಂಡಿ 1945ರಲ್ಲಿ, ಹೊಗೆ 1946ರಲ್ಲಿ. ಮೊದಲ ವರ್ಷದ ಹೊಗೆ ಬಲ್ಬಿನ ಶಾಖದಲ್ಲಿ ಕರಗುವ ಗುಳಿಗೆಯಿಂದ ಬಂತು, ಅಷ್ಟೇನೂ ಚೆನ್ನಾಗಿರಲಿಲ್ಲ. ಮರುವರ್ಷ ಬಿಸಿಯಾಗುವ ತಂತಿ, ಗಾಲಿಯ ಜೊತೆ ಮೇಲೆ ಕೆಳಗೆ ಆಡುವ ಪಿಸ್ಟನ್ ಬಂದವು. ಗಾಲಿ ತಿರುಗಿದ ಹಾಗೆ ಪುಸ್ ಪುಸ್ ಎಂದು ಹೊಗೆ. 1947ರಲ್ಲಿ ಹಾಲಿನ ಬೋಗಿ ಬಂತು, ಗುಂಡಿ ಒತ್ತಿದರೆ ಬಿಳಿ ಬಟ್ಟೆಯ ಆಳು ಬಾಗಿಲು ತೆರೆದು ಹಾಲಿನ ಕ್ಯಾನುಗಳನ್ನು ಒಂದೊಂದಾಗಿ ಕಟ್ಟೆಯ ಮೇಲೆ ತಳ್ಳುತ್ತಾನೆ. 1948ರಲ್ಲಿ ಸಾಂಟಾ ಫೆ ರೈಲ್ವೆಯ ಕೆಂಪು ಬೆಳ್ಳಿ ಬಣ್ಣದ ಡೀಸೆಲ್ ಎಂಜಿನ್. 1950ರಲ್ಲಿ ಗಾಲಿಗಳ ನಡುವೆ ಕಾಂತ ಇಟ್ಟು ಎಂಜಿನ್ ಉಕ್ಕಿನ ಹಳಿಯನ್ನು ಕಚ್ಚಿ ಹಿಡಿಯುವಂತೆ ಮಾಡಿದರು. ಹಗುರ ಎಂಜಿನೂ ಏರು ಹತ್ತಿತು, ವೇಗದಲ್ಲಿ ತಿರುವು ದಾಟಿದರೂ ಉರುಳಲಿಲ್ಲ.

ಅಮೆರಿಕನ್ ಫ್ಲಯರನ್ನು ಆ ವೇಳೆಗೆ ಎ. ಸಿ. ಗಿಲ್ಬರ್ಟ್ ಕೊಂಡು ಕನೆಕ್ಟಿಕಟ್ಟಿನ ನ್ಯೂ ಹೇವನ್ನಿಗೆ ತಂದಿದ್ದ. 1908ರ ಒಲಿಂಪಿಕ್ಸಿನಲ್ಲಿ ಪೋಲ್ ವಾಲ್ಟ್ ಚಿನ್ನ ಹಂಚಿಕೊಂಡವನು, ಎರೆಕ್ಟರ್ ಎಂಬ ಲೋಹದ ಜೋಡಣೆ ಆಟಿಕೆ ಮಾಡಿ ಹೆಸರಾದವನು. 1946ರಲ್ಲಿ ಅವನು ತಂದ ‘ಎಸ್ ಗೇಜ್’ ರೈಲಿಗೆ ಎರಡೇ ಹಳಿ. ನಿಜವಾದ ರೈಲಿಗೆ ಮೂರು ಹಳಿ ಎಲ್ಲಿದೆ ಎಂದು ಲಯನೆಲ್ಲನ್ನು ಚುಚ್ಚುವುದೇ ಅವನ ಪ್ರಚಾರದ ದಾರಿಯಾಗಿತ್ತು. ಫ್ಲಯರ್ ಎಂಜಿನುಗಳು ನಿಜಕ್ಕೂ ಅಂದವಾದವು, ಅಳತೆಯಲ್ಲಿ ಹದವಾದವು. ಇವತ್ತಿಗೂ ಅವನ್ನೇ ಹಿಡಿದುಕೊಂಡ ನಿಷ್ಠರಿದ್ದಾರೆ. ಕೈ ಸಣ್ಣದಾದವರಿಗೆ ಲೂಯಿ ಮಾರ್ಕ್ಸ್ ಕಂಪನಿಯ ತಗಡಿನ ರೈಲುಗಳಿದ್ದವು. ಅಗ್ಗದವು ಎಂದು ಒಂದು ಕಾಲದಲ್ಲಿ ಸಂಗ್ರಾಹಕರು ದೂರ ಇಟ್ಟಿದ್ದ ಅವೂ ಈಗ ಆದರದಿಂದ ಕಪಾಟು ಸೇರಿವೆ.

ಈ ಸುಗ್ಗಿಯ ಕಥೆಯಲ್ಲಿ ಒಂದು ಸಂಗತಿ ನನ್ನನ್ನು ಕಾಡುತ್ತದೆ. ಲಯನೆಲ್ ಜಾಹೀರಾತುಗಳ ತುಂಬ ಅಪ್ಪ ಮತ್ತು ಮಗ. ಹುಡುಗಿ ಕಂಡರೂ ಅಂಚಿನಲ್ಲಿ ನಿಂತು ನೋಡುವವಳು. 1957ರಲ್ಲಿ ಕಂಪನಿಗೆ ಹುಡುಗಿಯರ ನೆನಪಾಯಿತು. ಆಗ ಮಾಡಿದ್ದೇನು? 2037 ಎಂಬ ಸಾಧಾರಣ ಉಗಿ ಎಂಜಿನಿಗೆ ಗುಲಾಬಿ ಬಣ್ಣ ಬಳಿದರು. ಹಿಂದೆ ತಿಳಿನೀಲಿ, ತಿಳಿಹಳದಿ, ನೇರಳೆ ಬಣ್ಣದ ಬೋಗಿಗಳು. ಹೆಸರು ‘ಲೇಡಿ ಲಯನೆಲ್’. ಅಂಗಡಿಗಳಲ್ಲಿ ಅದು ಉಳಿದುಹೋಯಿತು. ರೈಲು ಇಷ್ಟಪಟ್ಟ ಹುಡುಗಿಗೆ ಬೇಕಾಗಿದ್ದದ್ದು ರೈಲು, ಅಣ್ಣನ ಬಳಿ ಇದ್ದಂಥದ್ದೇ ಕಪ್ಪು ರೈಲು. ಅವಳನ್ನು ಯಾರೂ ಕೇಳಿರಲಿಲ್ಲ. ಮಾರಾಟವಾಗದ್ದರಿಂದ ಮನೆ ಸೇರಿದವು ಕಡಿಮೆ, ಕಡಿಮೆಯಾದ್ದರಿಂದ ಬೆಲೆ ಹೆಚ್ಚು. ಪೆಟ್ಟಿಗೆ ಸಮೇತ ಇರುವ ಮೂಲ ಗುಲಾಬಿ ರೈಲು ಈಗ ಸಾವಿರಾರು ಡಾಲರಿನ ಮಾಲು. ಅದೇ ಎಂಜಿನ್ ಕಪ್ಪು ಬಣ್ಣದಲ್ಲಿ ನೂರು ಡಾಲರಿನೊಳಗೆ ಸಿಗುತ್ತದೆ. ಎರಡರ ಒಳಗೂ ಇರುವುದು ಅದೇ ಮೋಟಾರು, ಅದೇ ಹಲ್ಲುಗಾಲಿ.

ಆ ಕಪ್ಪು 2037ನ್ನೇ ಮೇಜಿನ ಮೇಲೆ ಇಡೋಣ. ಎಷ್ಟೋ ವರ್ಷ ಅಟ್ಟದಲ್ಲಿ ಬಿದ್ದಿದ್ದ ಎಂಜಿನ್ ಹಳಿಗಿಟ್ಟರೆ ಸಾಮಾನ್ಯವಾಗಿ ಗುಂಯ್‌ಗುಡುತ್ತದೆ, ಓಡುವುದಿಲ್ಲ. ಸುಟ್ಟಿದೆ ಎಂದು ಕೈಬಿಡಬಾರದು. ಕೆಲವು ತಿರುಪು ಬಿಚ್ಚಿದರೆ ಮೇಲಿನ ಎರಕದ ಚಿಪ್ಪು ಕಳಚುತ್ತದೆ. ಒಳಗೆ ಕಾಣುವುದು ಗಟ್ಟಿಯಾಗಿ ಅಂಟಾದ ಹಳೆಯ ಗ್ರೀಸು, ಕಂಬಳಿಯ ನೂಲು, ಯಾವುದೋ ನಾಯಿಯ ಕೂದಲು. ಮೋಟಾರಿನ ಪಕ್ಕದ ತಟ್ಟೆ ಬಿಚ್ಚಿದರೆ ಎರಡು ಪುಟ್ಟ ಕಾರ್ಬನ್ ಬ್ರಷ್ಷುಗಳು, ಅವು ಒತ್ತಿ ಕೂರುವ ತಾಮ್ರದ ಬಿಲ್ಲೆ. ಬಿಲ್ಲೆಯಲ್ಲಿ ಮೂರು ಭಾಗ, ನಡುವೆ ಮೂರು ಸೀಳು. ಅದು ಕಪ್ಪಾಗಿರುತ್ತದೆ. ಬಟ್ಟೆಗೆ ಸ್ವಲ್ಪ ಆಲ್ಕೋಹಾಲ್ ತಾಗಿಸಿ ತಾಮ್ರ ಹೊಳೆಯುವ ತನಕ ಒರೆಸಬೇಕು. ಸೀಳಿನೊಳಗಿನ ಮಸಿಯನ್ನು ಹಲ್ಲುಕಡ್ಡಿಯಿಂದ ಕೆರೆದು ತೆಗೆಯಬೇಕು. ಅಲ್ಲಿ ಮಸಿ ಉಳಿದರೆ ಕರೆಂಟು ಅಡ್ಡದಾರಿ ಹಿಡಿಯುತ್ತದೆ. ತಿರುಗುವ ದಂಡದ ಎರಡು ತುದಿಗೂ ಒಂದೊಂದೇ ಹನಿ ಎಣ್ಣೆ. ಎರಡನೇ ಹನಿ ಹಾಕುವ ಆಸೆಯಾಗುತ್ತದೆ, ಹಾಕಬಾರದು. ಹೆಚ್ಚಾದ ಎಣ್ಣೆ ಬ್ರಷ್ಷಿಗೆ ಹರಿದು ಮತ್ತೆ ಅದೇ ಮಸಿ. ಹಲ್ಲುಗಾಲಿಗೆ ತೆಳುವಾಗಿ ಹೊಸ ಗ್ರೀಸು, ರೋಲರಿಗೆ ಒಂದಿಷ್ಟು ಒರಸು. ಹಳಿ ಉಜ್ಜಲು ಉಕ್ಕಿನ ನಾರು ಮಾತ್ರ ಬೇಡ, ಅದರ ಎಳೆಗಳನ್ನು ಗಾಲಿಯ ಕಾಂತ ಎಳೆದುಕೊಂಡು ಮೋಟಾರಿನೊಳಗೆ ಶಾರ್ಟ್ ಮಾಡಿಸುತ್ತದೆ.

ಮತ್ತೆ ಹಳಿಗಿಟ್ಟು ಟ್ರಾನ್ಸ್‌ಫಾರ್ಮರಿನ ಹಿಡಿಕೆ ಮೆಲ್ಲಗೆ ಏರಿಸಿದಾಗ ಎಂಜಿನ್ ಮೊದಲು ತಡವರಿಸುತ್ತದೆ, ಆಮೇಲೆ ಒಂದು ಸುತ್ತು, ಎರಡು ಸುತ್ತು, ಬ್ರಷ್ಷು ತನ್ನ ಜಾಗ ಕಂಡುಕೊಂಡ ಮೇಲೆ ಓಟ ಸಮನಾಗುತ್ತದೆ. ಆಗ ಒಂದು ವಾಸನೆ ಏಳುತ್ತದೆ. ಬಿಸಿ ಎಣ್ಣೆ ಮತ್ತು ಬ್ರಷ್ಷಿನ ಕಿಡಿಯಿಂದ ಹುಟ್ಟುವ ಓಝೋನ್ ಬೆರೆತದ್ದು. ಈ ಹವ್ಯಾಸದವರನ್ನು ಕಣ್ಣುಕಟ್ಟಿ ನಿಲ್ಲಿಸಿದರೂ ಈ ವಾಸನೆಯನ್ನು ಗುರುತಿಸುತ್ತಾರೆ.

ಇಷ್ಟು ಸುಲಭಕ್ಕೆ ಜೀವ ಬರುವುದು ಆಕಸ್ಮಿಕವಲ್ಲ. ಲಯನೆಲ್ ದೇಶದುದ್ದಕ್ಕೂ ಅಧಿಕೃತ ರಿಪೇರಿ ಅಂಗಡಿಗಳ ಜಾಲ ಕಟ್ಟಿತ್ತು. ಪ್ರತಿ ಎಂಜಿನಿನ ಪ್ರತಿ ತಿರುಪಿಗೂ ಸಂಖ್ಯೆ ಕೊಟ್ಟು, ಬಿಚ್ಚಿದ ಚಿತ್ರ ಬರೆದು ಕೈಪಿಡಿ ಮಾಡಿಸಿತ್ತು. ಆ ಕೈಪಿಡಿಗಳು ಈಗಲೂ ಮುದ್ರಣವಾಗುತ್ತವೆ. ಬ್ರಷ್ಷು, ಸ್ಪ್ರಿಂಗು, ಇ-ಯೂನಿಟ್ಟಿನ ಉರುಳೆ, ರೋಲರ್ ಎಲ್ಲವನ್ನೂ ಹೊಸದಾಗಿ ಮಾಡಿ ಮಾರುವವರಿದ್ದಾರೆ. ಹತ್ತು ವರ್ಷದ ಹಿಂದಿನ ಎಲೆಕ್ಟ್ರಾನಿಕ್ ಆಟಿಕೆಯ ಸರ್ಕ್ಯೂಟ್ ಬೋರ್ಡು ಕೆಟ್ಟರೆ ಬಿಸಾಡುವುದೊಂದೇ ದಾರಿ. ಎಪ್ಪತ್ತು ವರ್ಷದ 2037 ಕೆಟ್ಟರೆ ಸಂಜೆಯೊಳಗೆ ಸರಿಯಾಗುತ್ತದೆ. ಕಾಲದೊಡನೆ ಉತ್ತಮವಾಗಿದ್ದೇವೆ ಎಂದು ಹೇಳಿಕೊಳ್ಳುವಾಗ ಈ ವ್ಯತ್ಯಾಸವನ್ನು ಲೆಕ್ಕಕ್ಕೆ ತೆಗೆದುಕೊಳ್ಳಲೇಬೇಕು.

ದುರಸ್ತಿಗೆ ಬಗ್ಗದ ರೋಗವೂ ಒಂದಿದೆ. 1920 ಮತ್ತು 30ರ ದಶಕದ ಕೆಲವು ಸತುವಿನ ಎರಕದಲ್ಲಿ ಸೀಸದಂಥ ಕಲ್ಮಶ ಸೇರಿಕೊಂಡಿತ್ತು. ಅಂಥ ಗಾಲಿ, ಚೌಕಟ್ಟುಗಳು ಒಳಗಿನಿಂದಲೇ ಉಬ್ಬಿ, ಬಿರುಕುಬಿಟ್ಟು, ಕೊನೆಗೆ ಬೆರಳಲ್ಲಿ ಪುಡಿಯಾಗುತ್ತವೆ. ಮದ್ದಿಲ್ಲ. ಕೊಳ್ಳುವ ಮುನ್ನ ಗಾಲಿಯ ಮೇಲೆ ಕೂದಲೆಳೆಯ ಬಿರುಕಿದೆಯೇ ಎಂದು ಭೂತಗಾಜು ಹಿಡಿದು ನೋಡುವುದು ಒಳ್ಳೆಯದು. ಯುದ್ಧದ ನಂತರದ ಎರಕಕ್ಕೆ ಈ ಕಾಟವಿಲ್ಲ. ಹೊಸಬರು ಅಲ್ಲಿಂದಲೇ ಶುರುಮಾಡಲಿ ಎಂದು ನಾನು ಹೇಳುವುದು ಇದಕ್ಕೇ.

ಲಯನೆಲ್ಲಿನ ಇಳಿಗಾಲ ಬೇಗ ಬಂತು. ಮನೆಗೆ ಟಿವಿ ಬಂತು, ಜನ ವಿಮಾನ ಹತ್ತಿದರು, ಹುಡುಗರ ಕಣ್ಣು ರಾಕೆಟ್ಟಿನ ಕಡೆ ಹೊರಳಿತು. ರೈಲಿನ ಹುಚ್ಚು ಬಿಡದವರು ಇನ್ನೂ ಚಿಕ್ಕದಾದ, ಅಳತೆಗೆ ಹತ್ತಿರವಾದ ‘ಎಚ್‌ಓ’ ಮಾದರಿಗೆ ಹೋದರು. ಕೋವೆನ್ 1959ರಲ್ಲಿ ತನ್ನ ಷೇರುಗಳನ್ನು ಮಾರಿದ. ಕೊಂಡವರ ಮುಂದಾಳು ಸಂಬಂಧದಲ್ಲಿ ಅವನಿಗೆ ಮೊಮ್ಮಗನಾಗುತ್ತಿದ್ದ ವಕೀಲ ರಾಯ್ ಕೋನ್, ಸೆನೆಟರ್ ಮೆಕಾರ್ಥಿಯ ಬಲಗೈಯಾಗಿದ್ದವನು. 1967ರಲ್ಲಿ ಗಿಲ್ಬರ್ಟ್ ಕಂಪನಿಯೂ ಮುಚ್ಚಿತು, ಅಮೆರಿಕನ್ ಫ್ಲಯರ್ ಹೆಸರು ಲಯನೆಲ್ಲಿನ ಪಾಲಾಯಿತು. 1969ರಲ್ಲಿ ರೈಲು ಮಾಡುವ ಹಕ್ಕು ಬೆಳಗಿನ ತಿಂಡಿಯ ಸೀರಿಯಲ್ ಮಾರುವ ಜನರಲ್ ಮಿಲ್ಸ್ ಕೈಸೇರಿತು. ಆಮೇಲೂ ಒಡೆತನ ಬದಲಾಗುತ್ತಲೇ ಇತ್ತು. 1990ರ ದಶಕದಲ್ಲಿ ಗಾಯಕ ನೀಲ್ ಯಂಗ್ ಪಾಲುದಾರನಾದ. ಸೆರೆಬ್ರಲ್ ಪಾಲ್ಸಿಯಿಂದ ಕೈಕಾಲು ಸ್ವಾಧೀನವಿಲ್ಲದ ಮಗ ಬೆನ್ ರೈಲು ಓಡಿಸಲಿ ಎಂದು ಅವನು ದೊಡ್ಡ ಗುಂಡಿಯ ನಿಯಂತ್ರಕಗಳನ್ನು ಮಾಡಿಸಿದ. ಲಯನೆಲ್ಲಿನ ಈಗಿನ ರಿಮೋಟ್ ವ್ಯವಸ್ಥೆ ಬೆಳೆದದ್ದು ಆ ಪ್ರಯತ್ನದಿಂದಲೇ. ಸಂಗ್ರಾಹಕರು 1942ರವರೆಗಿನದನ್ನು ಯುದ್ಧಪೂರ್ವ, 1945ರಿಂದ 69ರವರೆಗಿನದನ್ನು ಯುದ್ಧೋತ್ತರ, ಆಮೇಲಿನದನ್ನು ಆಧುನಿಕ ಎಂದು ವಿಂಗಡಿಸುತ್ತಾರೆ.

ಸಂಗ್ರಾಹಕರ ಸಂಘ ಹುಟ್ಟಿದ್ದು 1954ರಲ್ಲಿ, ಪೆನ್ಸಿಲ್ವೇನಿಯಾದ ಯಾರ್ಡ್ಲಿಯಲ್ಲಿ. ಅದರ ಪೂರ್ವ ವಿಭಾಗ ಪ್ರತಿ ಏಪ್ರಿಲ್ ಮತ್ತು ಅಕ್ಟೋಬರಿನಲ್ಲಿ ಯಾರ್ಕ್ ಊರಿನ ಜಾತ್ರೆ ಮೈದಾನದಲ್ಲಿ ನಡೆಸುವ ಸಂತೆಗೆ ಸಾವಿರಾರು ಜನ ಸೇರುತ್ತಾರೆ. ಸಾಲು ಸಾಲು ಸಭಾಂಗಣ, ಸಾಲು ಸಾಲು ಮೇಜು, ಎಲ್ಲೆಲ್ಲೂ ಲಯನೆಲ್ಲಿನ ಕಿತ್ತಳೆ ನೀಲಿ ಪೆಟ್ಟಿಗೆ. ಸಂಘ ಸಾಮಾನಿನ ಸ್ಥಿತಿಗೆ ಒಂದರಿಂದ ಹತ್ತರವರೆಗೆ ಅಂಕ ಕೊಡುವ ಪದ್ಧತಿ ಮಾಡಿದೆ. ಹತ್ತು ಎಂದರೆ ಕೈ ಸೋಕದ್ದು. ಪೆಟ್ಟಿಗೆಗೂ ಬೇರೆ ಅಂಕ. ಬರೀ ರಟ್ಟಿನ ಖಾಲಿ ಪೆಟ್ಟಿಗೆಗೆ ಒಳಗಿನ ಬೋಗಿಗಿಂತ ಹೆಚ್ಚು ಹಣ ತೆರುವವರುಂಟು. ದುಬಾರಿ ಬಣ್ಣದ ಬೋಗಿಗಳಿಗೆ ಹೊಸ ಬಣ್ಣ ಬಳಿದು ಮೂಲವೆಂದು ಮಾರುವ ಮೋಸಗಾರರೂ ಇದ್ದಾರೆ. ಗುಲಾಬಿ ಎಂಜಿನ್ ಕಂಡರೆ ಮೊದಲು ತಿರುಪಿನ ಸುತ್ತ, ಚಿಪ್ಪಿನ ಒಳಮೈಯಲ್ಲಿ ಕಪ್ಪು ಇಣುಕುತ್ತಿದೆಯೇ ನೋಡಬೇಕು.

ಪೆಟ್ಟಿಗೆಯಿಂದ ತೆಗೆಯದೆ ಕಪಾಟಿನಲ್ಲಿಡುವವರ ಬಗ್ಗೆ ನನಗೆ ಗೌರವವಿದೆ. ಎಂಥ ಬಣ್ಣದಲ್ಲಿ ಕಾರ್ಖಾನೆಯಿಂದ ಬಂದಿತ್ತು ಎಂಬುದಕ್ಕೆ ಅವರೇ ಸಾಕ್ಷಿ ಉಳಿಸುವವರು. ಆದರೆ ಓಡಿಸದ ಎಂಜಿನಿನೊಳಗೆ ಗ್ರೀಸು ಕಲ್ಲಾಗುತ್ತದೆ, ತಂತಿಯ ರಬ್ಬರು ಒಣಗಿ ಉದುರುತ್ತದೆ. ಓಡಿಸುವವನಿಗೆ ಅದು ಮೊದಲೇ ಗೊತ್ತಾಗುತ್ತದೆ, ಕಪಾಟಿನವನಿಗೆ ತಡವಾಗಿ. ಜೊತೆಗೆ, ಇದನ್ನು ಬಾಲ್ಯದಲ್ಲಿ ಆಡಿದ ತಲೆಮಾರಿಗೆ ಈಗ ವಯಸ್ಸಾಗಿದೆ. ಅವರು ತೀರಿಕೊಂಡ ಮೇಲೆ ಮನೆಯ ಸಾಮಾನೆಲ್ಲ ಮಾರುವ ಕಡೆ ಪೆಟ್ಟಿಗೆಗಟ್ಟಲೆ ರೈಲು ಹೊರಬರುತ್ತಿವೆ. ಸಾಧಾರಣ ಎಂಜಿನುಗಳ ಬೆಲೆ ಇಳಿದಿದೆ. ಹೂಡಿಕೆ ಎಂದು ಕೊಂಡವರಿಗೆ ಇದು ನಷ್ಟ, ಆಡಬೇಕೆನ್ನುವವರಿಗೆ ಒಳ್ಳೆಯ ಕಾಲ. ಲಯನೆಲ್ಲಿನ ಹಳೆಯ ಕಾರ್ಖಾನೆ ಇದ್ದ ನ್ಯೂಜೆರ್ಸಿಯ ಇರ್ವಿಂಗ್ಟನ್, ಹಿಲ್‌ಸೈಡ್ ಊರುಗಳು ಕನ್ನಡದವರು ಬಹಳ ಮಂದಿ ನೆಲೆಸಿರುವ ಎಡಿಸನ್ನಿಗೆ ದೂರವೇನಲ್ಲ. ಈ ಭಾಗದ ಗ್ಯಾರೇಜು ಮಾರಾಟಗಳಲ್ಲಿ ಹುಡುಕಿದರೆ ಇನ್ನೂ ಸಿಗುತ್ತವೆ.

ಹೀಗೆ ಸಿಕ್ಕ ಒಂದು ಸೆಟ್ಟನ್ನು ಮೈಸೂರಿನ ನನ್ನ ಭಾವನವರಿಗೆ ಕಳಿಸಿದೆ. ಪಾರ್ಸೆಲ್ ಮುಟ್ಟಿದ ಸಂಜೆ ಅವರ ಫೋನು. “ಏನಯ್ಯಾ, ಪ್ಲಗ್ಗು ನಮ್ಮ ಸಾಕೆಟ್ಟಿಗೆ ಕೂರ್ತಿಲ್ಲ, ಅಡಾಪ್ಟರ್ ಹಾಕಿ ಚುಚ್ಚಿಬಿಡಲಾ?” ಎಂದರು. “ಬೇಡಿ ಭಾವ, ಚುಚ್ಚಿದರೆ ಟ್ರಾನ್ಸ್‌ಫಾರ್ಮರ್ ಸುಟ್ಟುಹೋಗುತ್ತೆ” ಎಂದೆ. ಅಮೆರಿಕದ ಗೋಡೆಯಲ್ಲಿ ಬರುವುದು 120 ವೋಲ್ಟ್, 60 ಹರ್ಟ್ಸ್. ನಮ್ಮಲ್ಲಿ 230 ವೋಲ್ಟ್, 50 ಹರ್ಟ್ಸ್. ವೋಲ್ಟೇಜು ಇಳಿಸುವ ಪೆಟ್ಟಿಗೆ ನಡುವೆ ಇಟ್ಟರೂ, 60 ಹರ್ಟ್ಸಿಗೆಂದು ಮಾಡಿದ ಕಬ್ಬಿಣ 50ರಲ್ಲಿ ಹೆಚ್ಚು ಬಿಸಿಯಾಗುತ್ತದೆ. ಹಳೆಯ ಟ್ರಾನ್ಸ್‌ಫಾರ್ಮರನ್ನು ನೋಡಲು ಇಟ್ಟುಕೊಂಡು, 230ರಿಂದ 18ಕ್ಕೆ ಇಳಿಸುವ, ನಡುವೆ ಹಲವು ಮೆಟ್ಟಿಲಿರುವ ಹೊಸ ಟ್ರಾನ್ಸ್‌ಫಾರ್ಮರ್ ಸುತ್ತಿಸಿಕೊಳ್ಳುವುದು ಕ್ಷೇಮ. ಬೆಂಗಳೂರಿನ ಎಸ್.ಪಿ. ರಸ್ತೆಯಲ್ಲಿ ವಿಚಾರಿಸಿದರೆ ಇಂಥ ಕೆಲಸ ಕಷ್ಟವಲ್ಲ. ಫ್ಯೂಸು ಹಾಕಿಸುವುದನ್ನು ಮರೆಯಬಾರದು. ಎಂಜಿನಿನ ಮೋಟಾರಿಗೆ 50 ಆದರೂ ಒಂದೇ, 60 ಆದರೂ ಒಂದೇ. ಡಿಸಿಯಲ್ಲೂ ಓಡುತ್ತದೆ, ಆದರೆ ಟೆಂಡರಿನ ರಿಲೇ ಕಾಯುತ್ತಿರುವುದು ಡಿಸಿಗಾಗಿಯೇ ಅಲ್ಲವೇ? ರೈಲು ಹೊರಟಾಗಿನಿಂದ ನಿಲ್ಲುವ ತನಕ ಸೀಟಿ ಕೂಗುತ್ತಲೇ ಇರುತ್ತದೆ.

ಕೊಳ್ಳುವ ಮುನ್ನ ಕಣ್ಣಾರೆ ನೋಡಬೇಕೆನ್ನುವವರು ಪೆನ್ಸಿಲ್ವೇನಿಯಾದ ಸ್ಟ್ರಾಸ್‌ಬರ್ಗಿಗೆ ಹೋಗಬಹುದು. ಮಕ್ಕಳ ಮನೆಗೆ ಬಂದ ಅಪ್ಪ ಅಮ್ಮಂದಿರನ್ನು ಆಮಿಷ್ ಜನರ ಹೊಲಗದ್ದೆ ತೋರಿಸಲು ಲ್ಯಾಂಕಾಸ್ಟರಿಗೆ ಕರೆದುಕೊಂಡು ಹೋಗುವ ನಮ್ಮವರು ಬಹಳ. ಅಲ್ಲೇ ಪಕ್ಕದ ಊರು ಇದು. ಸಂಗ್ರಾಹಕರ ಸಂಘದ ರಾಷ್ಟ್ರೀಯ ಆಟಿಕೆ ರೈಲು ಮ್ಯೂಸಿಯಂ ಇಲ್ಲಿದೆ. ಲಯನೆಲ್, ಐವ್ಸ್, ಫ್ಲಯರ್, ಮಾರ್ಕ್ಸ್ ಎಲ್ಲವೂ ಗಾಜಿನೊಳಗೆ ಸಾಲಾಗಿ ಕೂತಿವೆ, ಬೇರೆ ಬೇರೆ ಅಳತೆಯ ಓಡುವ ರೈಲುಗಳಿಗೆ ನೋಡುಗರೇ ಒತ್ತುವ ಗುಂಡಿಗಳಿವೆ. ಅದೇ ಊರಿನಲ್ಲಿ ಪೆನ್ಸಿಲ್ವೇನಿಯಾದ ರೈಲ್ವೆ ಮ್ಯೂಸಿಯಂ ಇದೆ, ಅದರೆದುರಿಗೆ ಇಂದಿಗೂ ಉಗಿ ಎಂಜಿನಿನಲ್ಲಿ ಪ್ರಯಾಣಿಕರನ್ನು ಕೊಂಡೊಯ್ಯುವ ಸ್ಟ್ರಾಸ್‌ಬರ್ಗ್ ರೈಲ್ ರೋಡ್ ಇದೆ. ಮೂರನ್ನೂ ಒಂದೇ ದಿನ ನೋಡಲು ಬೆಳಿಗ್ಗೆ ಬೇಗ ಹೊರಡಬೇಕು. ಆಟಿಕೆ ಮ್ಯೂಸಿಯಂ ವರ್ಷವಿಡೀ ಎಲ್ಲ ದಿನ ತೆರೆದಿರುವುದಿಲ್ಲವಾದ್ದರಿಂದ ವೇಳಾಪಟ್ಟಿ ವಿಚಾರಿಸಿಕೊಂಡು ಹೋಗಿ.